ಗುಳೆ ಹೋದ ಮಗುವೂ ಹಾಜರಿ ಪುಸ್ತಕವೂ

ಗುಳೆ ಎಂಬ ಮಾತು ನಮ್ಮ ಬಳ್ಳಾರಿ ಸೀಮೆಯವರಿಗೆ ಹೊಸದಲ್ಲ. ವಲಸೆ ಎಂದರೆ ಒಂದೆಡೆಯಿಂದ ಮತ್ತೊಂದೆಡೆಗೆ ಹೋಗಿ ನೆಲಸುವುದು ಎಂಬ ಅರ್ಥವೂ ಬರುತ್ತದೆ. ಗುಳೆಯಲ್ಲಿ ನೆಲಸುವ ಮಾತಿಲ್ಲ. ಮನೆಗೆ ಬೀಗ ಹಾಕಿ, ಪಾತ್ರೆಪಡಗ, ಹಾಸಿಗೆ, ಜೋಳದ ಚೀಲ ಗಂಟು ಕಟ್ಟಿಕೊಂಡು, ಮುದುಕರನ್ನು ಊರಲ್ಲಿ ಬಿಟ್ಟು ಹೊರಟು, ಕೂಲಿ ಸಿಕ್ಕುವವರೆಗೆ ಸಿಕ್ಕಿದಲ್ಲಿ ಇದ್ದು, ಮುಂಗಾರಿನ ಮೋಡ ಕಂಡಾಗ ಮರಳಿ ಬರುವುದು ಗುಳೆ. ಬರ, ಸಾಲ, ಕೂಲಿ ಎಂದು ಇದರ ಕಾರಣಗಳನ್ನು ದೊಡ್ಡವರ ಕಡೆಯಿಂದ ನಾವು ಬಹಳ ಸಲ ವಿಚಾರಿಸಿದ್ದೇವೆ. ಆ ಗಂಟಿನ ಮೇಲೆ ಕುಳಿತು ಹೊರಡುವ ಮಗುವಿನ ಕಡೆಯಿಂದ ವಿಚಾರಿಸಿದ್ದು ಕಡಿಮೆ. ಆ ಮಗು ಯಾವ ಶಾಲೆಯ ಮಗು? ಇದೇ ಈ ಹೊತ್ತು ನಾನು ಕೇಳುಗರ ಮುಂದಿಡುವ ಪ್ರಶ್ನೆ.

ಮೊದಲು ನಮ್ಮ ಸೀಮೆಯ ಸ್ವರೂಪವನ್ನು ನೋಡೋಣ. 1953ರಲ್ಲಿ ತುಂಗಭದ್ರಾ ಅಣೆಕಟ್ಟಿನಿಂದ ಕಾಲುವೆಗಳಿಗೆ ನೀರು ಹರಿಯಿತು. ಸಿರುಗುಪ್ಪ ಭತ್ತದ ನಾಡಾಯಿತು. ಬಳ್ಳಾರಿ, ಕುರುಗೋಡುಗಳ ಎರೆಭೂಮಿಯಲ್ಲಿ ಹತ್ತಿಯೂ ಮೆಣಸಿನಕಾಯಿಯೂ ಬೆಳೆದವು. ಈ ಬೆಳೆಗಳ ಸ್ವಭಾವ ಒಂದೇ: ಕೆಲವೇ ವಾರಗಳಲ್ಲಿ ಬಹಳ ಕೈಗಳು ಬೇಕು, ಆಮೇಲೆ ಬೇಡ. ನೀರಾವರಿಯ ಅಂಚಿನಾಚೆ ಮಳೆಯನ್ನೇ ನಂಬಿದ ಊರುಗಳಲ್ಲಿ ಕೈಗಳಿವೆ, ಕೆಲಸವಿಲ್ಲ. ಹೀಗಾಗಿ ಗಡಿಯಾಚೆಯ ಕರ್ನೂಲು ಜಿಲ್ಲೆಯಿಂದಲೂ ಈಚೆಯ ರಾಯಚೂರು ಕಡೆಯಿಂದಲೂ ಕುಟುಂಬಗಳು ಇಲ್ಲಿಗೆ ಬರುತ್ತವೆ. ಅದೇ ಕಾಲಕ್ಕೆ ನಮ್ಮ ಒಣ ಊರುಗಳ, ತಾಂಡಾಗಳ ಕುಟುಂಬಗಳು ಬೆಂಗಳೂರಿನ ಕಟ್ಟಡದ ಕೆಲಸಕ್ಕೆ, ಮಂಡ್ಯದ ಕಬ್ಬಿಗೆ, ಮಲೆನಾಡಿನ ಕಾಫಿ ತೋಟಕ್ಕೆ ಹೊರಡುತ್ತವೆ. ಬಳ್ಳಾರಿ ನಗರದ ಕಟ್ಟಡ ಕೆಲಸಕ್ಕೂ ಇಟ್ಟಿಗೆ ಗೂಡುಗಳಿಗೂ ಬರುವವರು ಬೇರೆ. ಒಂದೇ ಬಸ್ ನಿಲ್ದಾಣದಲ್ಲಿ ಬರುವವರೂ ಹೋಗುವವರೂ ಎದುರುಬದುರಾಗುತ್ತಾರೆ.

ಇನ್ನು ಪಂಚಾಂಗದ ಮಾತು. ಶಾಲೆಯ ವರ್ಷ ಮೇ ಕೊನೆಗೋ ಜೂನ್ ಮೊದಲಿಗೋ ಆರಂಭವಾಗಿ ಏಪ್ರಿಲ್‌ನಲ್ಲಿ ಮುಗಿಯುತ್ತದೆ. ಹತ್ತಿ, ಮೆಣಸಿನಕಾಯಿ ಬಿಡಿಸುವ ಕಾಲ ದೀಪಾವಳಿಯ ಆಚೀಚೆ ಮೊದಲಾಗಿ ಯುಗಾದಿಯ ಹೊತ್ತಿಗೆ ಮುಗಿಯುತ್ತದೆ. ಅಂದರೆ ಶಾಲೆಯ ಎರಡನೆಯ ಅರ್ಧವೂ ಕೂಲಿಯ ಕಾಲವೂ ಒಂದರ ಮೇಲೊಂದು ಬಂದು ಕೂರುತ್ತವೆ. ಮೂರನೆಯ ತರಗತಿಯ ಮಗು ಗುಣಾಕಾರ ಕಲಿತು ಹೋಗುತ್ತದೆ. ಭಾಗಾಕಾರದ ಹೊತ್ತಿಗೆ ಹೊಲದಲ್ಲಿರುತ್ತದೆ. ವರ್ಷಕ್ಕೆ ಅರ್ಧದಂತೆ ನಾಲ್ಕು ವರ್ಷ ಹೋದರೆ ಎರಡು ವರ್ಷದ ಪಾಠ ಕೈಬಿಟ್ಟಿತು. ಹೆಸರು ಹಾಜರಿ ಪುಸ್ತಕದಲ್ಲಿದ್ದರೂ ಮಗು ತನ್ನ ತರಗತಿಯಲ್ಲಿಯೇ ಪರದೇಶಿ.

ಎಲ್ಲ ವಲಸೆಗೂ ಹೀಗೆ ಆಗುವುದಿಲ್ಲ ಎಂಬುದಕ್ಕೆ ನಮ್ಮ ಸಿರುಗುಪ್ಪವೇ ಸಾಕ್ಷಿ. ಕಾಲುವೆ ಬಂದ ಮೇಲೆ ಕರಾವಳಿ ಆಂಧ್ರದ ಅನೇಕ ರೈತ ಕುಟುಂಬಗಳು ಬಂದು, ಭೂಮಿ ಕೊಂಡು, ಕ್ಯಾಂಪುಗಳನ್ನು ಕಟ್ಟಿಕೊಂಡು ನೆಲಸಿದವು. ಅವರೂ ವಲಸೆ ಬಂದವರೇ, ಅವರ ಮಕ್ಕಳಿಗೂ ಇಲ್ಲಿಯ ಭಾಷೆ ಹೊಸದೇ. ಆದರೆ ಅವರಿಗೆ ಭೂಮಿಯಿತ್ತು, ಭೂಮಿಯಿದ್ದುದರಿಂದ ವಿಳಾಸವಿತ್ತು, ವಿಳಾಸವಿದ್ದವನು ಶಾಲೆಯನ್ನು ಕೇಳಿ ಪಡೆಯಬಲ್ಲ. ಅದೇ ಹೊಲದ ಬದುವಿನ ಮೇಲೆ ಗುಡಾರ ಹಾಕಿ ಮೂರು ತಿಂಗಳಿರುವ ಕೂಲಿಯವನು ಯಾವ ಊರಿನ ಮತದಾರನೂ ಅಲ್ಲ, ಯಾವ ಶಾಲೆಯ ಪೋಷಕನೂ ಅಲ್ಲ. ತೊಡಕಿರುವುದು ಊರು ಬಿಟ್ಟದ್ದರಲ್ಲಿ ಅಲ್ಲ, ವಿಳಾಸವಿಲ್ಲದ್ದರಲ್ಲಿ.

ಹೀಗಿರುವ ತಂದೆತಾಯಿಗಳ ಮುಂದೆ ಮೂರು ದಾರಿಗಳಿವೆ. ಮಗುವನ್ನು ಜೊತೆಗೆ ಕರೆದುಕೊಂಡು ಹೋಗುವುದು ಒಂದು. ಶಾಲೆ ತಪ್ಪುತ್ತದೆ, ಆದರೆ ಮಗು ಕಣ್ಣ ಮುಂದಿರುತ್ತದೆ. ಅಜ್ಜಿಯ ಬಳಿ ಬಿಟ್ಟುಹೋಗುವುದು ಎರಡನೆಯದು. ಶಾಲೆ ಉಳಿಯುತ್ತದೆ, ಅಜ್ಜಿ ಹಾಸಿಗೆ ಹಿಡಿದರೆ ಮಗುವೇ ಮನೆಯ ಯಜಮಾನ. ವಸತಿ ಶಾಲೆಗೆ ಸೇರಿಸುವುದು ಮೂರನೆಯದು. ಇದು ಎಲ್ಲಕ್ಕಿಂತ ಮೇಲೆಂದು ತೋರುತ್ತದೆ. ಆದರೆ ಮೊರಾರ್ಜಿ ದೇಸಾಯಿ ವಸತಿ ಶಾಲೆಗಳೂ ಕಸ್ತೂರಬಾ ಗಾಂಧಿ ಬಾಲಿಕಾ ವಿದ್ಯಾಲಯಗಳೂ ಆರನೆಯ ತರಗತಿಯಿಂದ ಮೊದಲಾಗುತ್ತವೆ. ಆಶ್ರಮ ಶಾಲೆಗಳು ಕೆಲವಿವೆಯಾದರೂ ಎಲ್ಲರಿಗೂ ಎಟಕುವಷ್ಟಿಲ್ಲ. ಅಕ್ಷರ ಕೂಡಿಸಿ ಓದಲು ಕಲಿಯುವ ವಯಸ್ಸಿನ ಮಗುವಿಗೆ ಮೂರನೆಯ ದಾರಿ ಬಹುಮಟ್ಟಿಗೆ ಮುಚ್ಚಿಯೇ ಇದೆ. ಓದಿದವರಾದ ನಾವು ಇಂಗ್ಲಿಷ್ ಮಾಧ್ಯಮವೋ ಕನ್ನಡ ಮಾಧ್ಯಮವೋ ಎಂಬುದನ್ನು ಶಾಲೆಯ ಆಯ್ಕೆ ಎನ್ನುತ್ತೇವೆ. ಇವರ ಆಯ್ಕೆ ಅದಲ್ಲ. ಮಗುವನ್ನು ಬಿಡುವುದೋ ಶಾಲೆಯನ್ನು ಬಿಡುವುದೋ ಎಂಬುದು.

ಹುಡುಗಿಯರ ಪಾಡು ಇನ್ನೂ ಬೇರೆ. ತಾಯಿ ಸಾಲಿನಲ್ಲಿ ಮೆಣಸಿನಕಾಯಿ ಬಿಡಿಸುವಾಗ ಕೂಸನ್ನು ನೋಡುವವರು ಬೇಕು. ಆ ಕೆಲಸಕ್ಕೆ ಎಂಟು ವರ್ಷದ ಅಕ್ಕ ಇದ್ದಾಳೆ. ಆದ್ದರಿಂದ ಅಕ್ಕನ ಶಾಲೆಯ ಬಾಗಿಲು ತಮ್ಮನ ತೊಟ್ಟಿಲಿನ ಬಳಿ ಇದೆ ಎನ್ನಬೇಕು. 2023ರಲ್ಲಿ ನಮ್ಮ ರಾಜ್ಯ ಸರ್ಕಾರವು ಉದ್ಯೋಗ ಖಾತರಿಯ ಕೂಲಿಯವರ ಎಳೆಯ ಮಕ್ಕಳಿಗಾಗಿ ಗ್ರಾಮ ಪಂಚಾಯಿತಿಗಳಲ್ಲಿ ಕೂಸಿನ ಮನೆ ಎಂಬ ವ್ಯವಸ್ಥೆಯನ್ನು ಆರಂಭಿಸಿತು. ಅಂಥದೊಂದು ಬಾಗಿಲು ಹೊರಗಿನಿಂದ ಬಂದ ಕೂಲಿಯವಳ ಕೂಸಿಗೂ ತೆರೆದರೆ, ಒಂದು ಕೂಸಿನ ಜೊತೆಗೆ ಒಬ್ಬ ವಿದ್ಯಾರ್ಥಿನಿಯೂ ಉಳಿದಂತೆ.

ಕಾನೂನು ಏನು ಹೇಳುತ್ತದೆ? ಇಲ್ಲಿ ಬಹುಜನರಿಗೆ ತಿಳಿಯದ ಸಂಗತಿಗಳಿವೆ. 2010ರ ಏಪ್ರಿಲ್ 1ರಂದು ಜಾರಿಗೆ ಬಂದ ಶಿಕ್ಷಣದ ಹಕ್ಕಿನ ಕಾಯಿದೆಯು ಆರರಿಂದ ಹದಿನಾಲ್ಕು ವರ್ಷದ ಪ್ರತಿಯೊಂದು ಮಗುವಿಗೂ ಹಕ್ಕನ್ನು ಕೊಟ್ಟಿದೆ. ಅದರ 5ನೆಯ ಪ್ರಕರಣದಂತೆ, ರಾಜ್ಯದೊಳಗಾಗಲಿ ಹೊರಗಾಗಲಿ ಬೇರೆ ಸರ್ಕಾರಿ ಶಾಲೆಗೆ ಹೋಗಬೇಕಾದ ಮಗುವಿಗೆ ವರ್ಗಾವಣೆ ಪತ್ರವನ್ನು ಕೂಡಲೇ ಕೊಡಬೇಕು. ಪತ್ರ ತಡವಾಯಿತೆಂಬ ನೆಪದಿಂದ ಹೊಸ ಶಾಲೆಯವರು ಪ್ರವೇಶವನ್ನು ನಿರಾಕರಿಸುವಂತಿಲ್ಲ. ವಯಸ್ಸಿನ ದಾಖಲೆ ಇಲ್ಲವೆಂದಾಗಲಿ, ಸೇರಿಸಿಕೊಳ್ಳುವ ಅವಧಿ ಮುಗಿಯಿತೆಂದಾಗಲಿ ಹಿಂದಕ್ಕೆ ಕಳುಹಿಸುವಂತಿಲ್ಲ. ತಡವಾಗಿ ಸೇರಿದ ಮಗುವಿಗೆ ವಯಸ್ಸಿಗೆ ತಕ್ಕ ತರಗತಿಯೂ ವಿಶೇಷ ತರಬೇತಿಯೂ ಸಿಗಬೇಕು. ವಲಸೆ ಕುಟುಂಬಗಳ ಮಕ್ಕಳನ್ನು ಶಾಲೆಗೆ ಸೇರಿಸುವುದು ಸ್ಥಳೀಯ ಸಂಸ್ಥೆಯ ಕರ್ತವ್ಯವೆಂದು 9ನೆಯ ಪ್ರಕರಣ ಸ್ಪಷ್ಟವಾಗಿಯೇ ಹೇಳುತ್ತದೆ. 2013ರಲ್ಲಿ ಕರ್ನಾಟಕ ಹೈಕೋರ್ಟು ಶಾಲೆಯ ಹೊರಗಿರುವ ಮಕ್ಕಳ ವಿಷಯವನ್ನು ತಾನಾಗಿಯೇ ಕೈಗೆತ್ತಿಕೊಂಡಿತು. ಅದರ ಫಲವಾಗಿ, ಮೊದಲು 60 ದಿನ ಬಾರದ ಮಗುವನ್ನು ಮಾತ್ರ ಹೊರಗುಳಿದ ಮಗುವೆಂದು ಎಣಿಸುತ್ತಿದ್ದುದು ಹೋಗಿ, ಏಳು ದಿನವೇ ಗಡುವಾಯಿತು.

ಇಷ್ಟು ಒಳ್ಳೆಯ ಕಾನೂನಿದ್ದೂ ಮಗು ಹೊರಗೇಕೆ? ಹಕ್ಕು ಇರುವುದು ಮಗುವಿನಲ್ಲಿ, ದಾಖಲೆ ಇರುವುದು ಕಟ್ಟಡದಲ್ಲಿ. ಮಗು ನಡೆಯುತ್ತದೆ, ಪುಸ್ತಕ ನಡೆಯುವುದಿಲ್ಲ. ಬಿಟ್ಟ ಶಾಲೆಯ ಮೇಷ್ಟರು ಹೆಸರು ಕರೆದಾಗ, “ಅವ್ರು ದುಡಿಯಾಕ ಹೋಗ್ಯಾರ್ರಿ ಸರ” ಎಂದು ಪಕ್ಕದ ಹುಡುಗ ಹೇಳುತ್ತಾನೆ. ಎಲ್ಲಿಗೆ ಎಂಬುದು ಆ ಹುಡುಗನಿಗೂ ಗೊತ್ತಿರುವುದುಂಟು. ಅದನ್ನು ಬರೆದುಕೊಳ್ಳುವ ಅಂಕಣ ಹಾಜರಿ ಪುಸ್ತಕದಲ್ಲಿಲ್ಲ. ಮಗು ಬಂದಿಳಿದ ಊರಿನ ಮೇಷ್ಟರಿಗೆ ಅದು ಬಂದದ್ದೇ ತಿಳಿಯದು. ಈಗ ಪ್ರತಿ ಮಗುವಿಗೂ ಗಣಕದಲ್ಲಿ ಒಂದು ಸಂಖ್ಯೆಯಿದೆ. ಆದರೆ ಆ ಸಂಖ್ಯೆಯನ್ನು ಕೇಳುವವರೊಬ್ಬರು ಹೊಲದ ಬದುವಿನವರೆಗೆ ಬರಬೇಕಷ್ಟೆ.

ಇನ್ನು ನಾನು ಕನ್ನಡದ ಅಧ್ಯಾಪಕನಾಗಿ ಹೇಳಲೇಬೇಕಾದ ಮಾತು, ಭಾಷೆಯದು. 1953ರ ಅಕ್ಟೋಬರ್ 1ರಂದು ಬಳ್ಳಾರಿ ಮೈಸೂರು ರಾಜ್ಯಕ್ಕೆ ಸೇರಿದಾಗ ಆದೋನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಆಂಧ್ರಕ್ಕೆ ಹೋದವು. ಗೆರೆ ಎಳೆದದ್ದು ನೆಲದ ಮೇಲೆ. ನಾಲಗೆಗಳು ಗೆರೆಯ ಎರಡೂ ಕಡೆ ಉಳಿದವು. ಆದ್ದರಿಂದ ಸಿರುಗುಪ್ಪದ ಕನ್ನಡ ಶಾಲೆಗೆ ಡಿಸೆಂಬರಿನಲ್ಲಿ ಬಂದು ಕೂರುವ ಮಗು ತೆಲುಗಿನಲ್ಲಿ ಅಕ್ಷರ ಕಲಿತದ್ದಿರಬಹುದು. ಗಡಿ ದಾಟಿ ದುಡಿಯಲು ಹೋದ ನಮ್ಮ ಮಗು ಅಲ್ಲಿ ತೆಲುಗಿನ ಹಲಗೆಯ ಮುಂದೆ ಹಾಗೆಯೇ ಮೂಕವಾಗಿ ಕೂರಬಹುದು. ಪ್ರಾಥಮಿಕ ಹಂತದಲ್ಲಿ ತಾಯ್ನುಡಿಯ ಕಲಿಕೆಗೆ ಅನುಕೂಲ ಕಲ್ಪಿಸಬೇಕೆಂದು ಸಂವಿಧಾನದ 350ಎ ವಿಧಿ ಹೇಳುತ್ತದೆ. ರಾಜ್ಯದ ಎಲ್ಲ ಶಾಲೆಗಳಲ್ಲಿ ಕನ್ನಡ ಕಲಿಸಬೇಕೆಂದು 2015ರ ಕನ್ನಡ ಭಾಷಾ ಕಲಿಕೆ ಅಧಿನಿಯಮ ಹೇಳುತ್ತದೆ. ಇವೆರಡೂ ಪರಸ್ಪರ ವಿರೋಧವೆಂದು ನನಗೆ ತೋರುವುದಿಲ್ಲ. ಕನ್ನಡ ತೆಲುಗು ಲಿಪಿಗಳು ಒಂದೇ ಬಳ್ಳಿಯ ಕಾಯಿಗಳು. ತೆಲುಗು ಅಕ್ಷರ ಬಲ್ಲ ಮಗುವಿಗೆ ಕನ್ನಡದ ಅಕ್ಷರಗಳಲ್ಲಿ ಹೆಚ್ಚಿನವು ಹಳೆಯ ಪರಿಚಯದ ಮುಖಗಳೇ. ಮೇಷ್ಟರು ಮೊದಲ ವಾರ ಅದರ ಮಾತಿನಲ್ಲಿಯೇ ಮಾತನಾಡಿಸಿ, ಅಲ್ಲಿಂದ ಕನ್ನಡಕ್ಕೆ ಕೈಹಿಡಿದು ತಂದರೆ ಸಾಕು. ಬಳ್ಳಾರಿಯಲ್ಲಿ ಎರಡೂ ಬಲ್ಲ ಮೇಷ್ಟರಿಗೆ ಬರವಿಲ್ಲ. ತಾಡಿಪತ್ರಿಯಲ್ಲಿ ಹುಟ್ಟಿದ ರಾಘವರು ಬಳ್ಳಾರಿ ರಾಘವರೆನಿಸಿ ತೆಲುಗಿನಲ್ಲಿಯೂ ಕನ್ನಡದಲ್ಲಿಯೂ ಅಭಿನಯಿಸಿದ ಊರಿದು. ಕೇರಳದ ಎರ್ನಾಕುಲಂ ಜಿಲ್ಲೆಯಲ್ಲಿ 2017ರಿಂದ ರೋಶ್ನಿ ಎಂಬ ಯೋಜನೆಯಲ್ಲಿ ಹೊರರಾಜ್ಯದ ಕೂಲಿಯವರ ಮಕ್ಕಳಿಗೆ ಅವರ ನುಡಿಯ ಮೂಲಕವೇ ಮಲಯಾಳವನ್ನು ಕಲಿಸಿದರು. ಮಗುವನ್ನು ಗದರಿಸಿ ಕಲಿಸಿದ ಕನ್ನಡ ಅದರ ಬಾಯಲ್ಲಿ ನಿಲ್ಲುವುದಿಲ್ಲ. ಬರಮಾಡಿಕೊಂಡ ಕನ್ನಡ ನಿಲ್ಲುತ್ತದೆ.

ಶಾಲೆ ಮಗುವಿನ ಬಳಿಗೆ ನಡೆದು ಹೋಗುವುದು ಸಾಧ್ಯವೇ ಎಂದು ಕೇಳಬಹುದು. ಹೋದದ್ದನ್ನು ನಾವೇ ಕಂಡಿದ್ದೇವೆ. 2020ರಲ್ಲಿ ಕೊರೋನಾ ರೋಗದಿಂದ ಶಾಲೆಗಳು ಮುಚ್ಚಿದಾಗ ವಿದ್ಯಾಗಮ ಎಂಬ ಹೆಸರಿನಲ್ಲಿ ನಮ್ಮ ಮೇಷ್ಟರುಗಳು ವಠಾರಗಳಿಗೆ, ಗುಡಿಯ ಕಟ್ಟೆಗಳಿಗೆ, ಮರದ ನೆರಳಿಗೆ ಹೋಗಿ ಪಾಠ ಹೇಳಿದರು. ರೋಗದ ಭಯದಿಂದ ಅದೇ ಅಕ್ಟೋಬರಿನಲ್ಲಿ ಅದನ್ನು ನಿಲ್ಲಿಸಬೇಕಾಗಿ ಬಂದರೂ, ಗೋಡೆಯಿಲ್ಲದೆ ಶಾಲೆಯಿರಬಲ್ಲದು ಎಂಬುದು ಸಿದ್ಧವಾಯಿತು. ಟೆಂಟ್ ಶಾಲೆಗಳೂ, ತಂದೆತಾಯಿಗಳು ಗುಳೆ ಹೋದಾಗ ಮಕ್ಕಳನ್ನು ಊರಲ್ಲಿಯೇ ಉಳಿಸಿಕೊಳ್ಳುವ ಋತುಮಾನದ ವಸತಿ ನಿಲಯಗಳೂ ನಮ್ಮಲ್ಲಿ ನಡೆದಿವೆ. ವಲಸೆ ಕೂಲಿಯವರ ಮಕ್ಕಳಿಗೆ ಪರ್ಯಾಯ ಕಲಿಕಾ ಕೇಂದ್ರಗಳು ಬೇಕೆಂದು 2020ರ ರಾಷ್ಟ್ರೀಯ ಶಿಕ್ಷಣ ನೀತಿಯೂ ಹೇಳಿದೆ. ದಾರಿಗಳು ಗೊತ್ತಿವೆ; ಬೇಕಾದದ್ದು, ಅವು ಬೆಳೆಯಂತೆ ವರ್ಷ ವರ್ಷವೂ ಹೊತ್ತಿಗೆ ಸರಿಯಾಗಿ ಬರುವುದು. ದೀಪಾವಳಿಗೆ ಹೊರಟ ಮಗುವಿಗೆ ಸಂಕ್ರಾಂತಿಗೆ ತೆರೆದ ನಿಲಯದಿಂದ ಪ್ರಯೋಜನವೇನು?

2011ರ ಜನಗಣತಿಯಲ್ಲಿ ಅಂದಿನ ಅವಿಭಜಿತ ಬಳ್ಳಾರಿ ಜಿಲ್ಲೆಯ ಸಾಕ್ಷರತೆ ಶೇಕಡಾ 67ರಷ್ಟು, ರಾಜ್ಯದ್ದು ಶೇಕಡಾ 75ರಷ್ಟು ಇತ್ತು. ಆ ಅಂತರದೊಳಗೆ ಇಂಥ ಮಕ್ಕಳೂ ಇದ್ದಾರೆ. ಇವರನ್ನು ಶಾಲೆ ಬಿಟ್ಟ ಮಕ್ಕಳು ಎನ್ನುವುದು ನಮ್ಮ ರೂಢಿ. ಕನ್ನಡ ವ್ಯಾಕರಣದಲ್ಲಿ ಕರ್ತೃ ಯಾರು, ಕರ್ಮ ಯಾವುದು ಎಂದು ಮೊದಲ ಪಾಠದಲ್ಲಿಯೇ ಕೇಳುತ್ತೇವೆ. ಇಲ್ಲಿ ಬಿಟ್ಟವರು ಯಾರು? ಮಗು ಊರನ್ನು ಬಿಟ್ಟಿತು, ಅದೂ ತನ್ನ ಇಚ್ಛೆಯಿಂದಲ್ಲ. ಶಾಲೆ ಮಗುವನ್ನು ಬಿಟ್ಟಿತು. ಹೊರಡುವ ಮಗುವಿನ ಹೆಸರಿನ ಮುಂದೆ ಹೋದ ಊರಿನ ಹೆಸರನ್ನು ಬರೆಯುವ ಒಂದು ಅಂಕಣವನ್ನು ಹಾಜರಿ ಪುಸ್ತಕದಲ್ಲಿ ಗೆರೆ ಎಳೆದು ಮಾಡುವುದಕ್ಕೆ ಹೆಚ್ಚಿನ ಖರ್ಚಿಲ್ಲ. ನಮ್ಮ ಊರಿನ ಹೊಲದಲ್ಲಿ ಗುಡಾರ ಎದ್ದಾಗ, ಎಷ್ಟು ಆಳು ಬಂದರು ಎಂದು ಕೇಳುವ ನಾವು, ಎಷ್ಟು ಮಕ್ಕಳು ಬಂದರು ಎಂದೂ ಕೇಳಿ ಹತ್ತಿರದ ಶಾಲೆಯ ಮೇಷ್ಟರಿಗೆ ತಿಳಿಸುವುದಕ್ಕೆ ಖರ್ಚೇ ಇಲ್ಲ.