ಮೋತಿಯ ದಂತಧಾವನ

ಮೋತಿ ನಮ್ಮ ಬರ್ಕತ್‌ಪುರದ ಮನೆಗೆ ಬಂದು ಒಂಬತ್ತು ವರ್ಷಗಳಾದುವು. ಕಳೆದ ವರ್ಷ ಅದರ ಬಾಯಿ ನಾರತೊಡಗಿತು. ನಾಯಿಯ ಬಾಯಿ ನಾರದೆ ಮಲ್ಲಿಗೆಯ ಹಾಗೆ ಘಮಘಮಿಸುವುದುಂಟೇ ಎಂದು ನಾವೆಲ್ಲ ನಕ್ಕೆವು. ಮೊದಲು ಮಂಚದ ಬಳಿಯಿಂದ, ಆಮೇಲೆ ಪಡಸಾಲೆಯಿಂದ ಅದನ್ನು ಹೊರಗಟ್ಟಿದೆವು. ಅದು ಒಂದೇ ದವಡೆಯಲ್ಲಿ ಅಗಿಯುವುದನ್ನು ಕಂಡೂ ಕಾಣದಂತಿದ್ದೆವು. ಕೊನೆಗೆ ಪಶುವೈದ್ಯರು ತುಟಿಯೆತ್ತಿ ನೋಡಿ, ಮೂರು ಹಲ್ಲು ಕೀಳಬೇಕೆಂದರು. "ಎಷ್ಟು ದಿನದಿಂದ ನೋವು ನುಂಗಿಕೊಂಡಿದೆಯೋ ಪಾಪ!" ಎಂದು ಅವರು ಹೇಳಿದಾಗ ನಮ್ಮ ತಲೆ ತಗ್ಗಿತು. ವಾಚಕರ ಮನೆಯ ನಾಯಿಗಳಿಗೆ ಈ ಗತಿ ಬಾರದಿರಲೆಂದು ಈ ನಾಲ್ಕು ಮಾತು.

ಬೆಳೆದ ನಾಯಿಗೆ 42 ಹಲ್ಲುಗಳು. ನಮಗಿಂತ ಹತ್ತು ಹೆಚ್ಚು. ಹುಳುಕು ಅವಕ್ಕೆ ಅಪರೂಪ. ಶತ್ರುವೆಂದರೆ ವಸಡಿನ ರೋಗ. ಹಲ್ಲಿಗಂಟಿದ ಪಾಚಿಯನ್ನು ತೆಗೆಯದೆ ಬಿಟ್ಟರೆ, ಜೊಲ್ಲಿನಲ್ಲಿರುವ ಖನಿಜಗಳು ಸೇರಿ ಕೆಲವೇ ದಿನಗಳಲ್ಲಿ ಅದು ಕಲ್ಲಿನಂತೆ ಗಟ್ಟಿಯಾಗುತ್ತದೆ. ಆಮೇಲೆ ವಸಡು ಬಾತು, ಹಲ್ಲಿನ ಬುಡ ಸಡಿಲುತ್ತದೆ. ಬಾಯಿನಾತವು ನಾಯಿಯ ಸ್ವಭಾವವಲ್ಲ, ರೋಗದ ಸೂಚನೆ.

"ಏನಪ್ಪಾ, ಊರಾಗಿನ ನಾಯಿಗಳಿಗೆ ಯಾರು ಹಲ್ಲು ತಿಕ್ಕ್ಯಾರ?" ಎಂದು ನಮ್ಮ ತಾಯಿಯವರು ಕೇಳಿದರು. ಬೀದಿನಾಯಿಯ ಹಲ್ಲುನೋವನ್ನು ನೋಡುವವರೇ ಇಲ್ಲ. ನಮ್ಮ ಕೈಯಿಂದ ಹಾಲನ್ನವನ್ನೂ ಚಹದ ಹೊತ್ತಿಗೆ ಉಸ್ಮಾನಿಯಾ ಬಿಸ್ಕತ್ತನ್ನೂ ತಿಂದು ಮುದಿಯಾಗುವ ಮನೆನಾಯಿಗಾದರೂ ನೋಡುವವರು ಬೇಡವೇ?

ಕೆಲಸವೇನೂ ಕಷ್ಟದ್ದಲ್ಲ, ಅವಸರ ಮಾತ್ರ ಕೂಡದು. ಮೊದಲ ಕೆಲವು ದಿನ ಬೆರಳಿಗೆ ಒದ್ದೆಯ ಶುಭ್ರ ಬಟ್ಟೆ ಸುತ್ತಿ, ತುಟಿಯೆತ್ತಿ, ಮುಂದಿನ ಹಲ್ಲುಗಳನ್ನು ಮೆಲ್ಲಗೆ ಒರೆಸಬೇಕು. ನಾಯಿ ಒಗ್ಗಿದ ಮೇಲೆ ಮಕ್ಕಳ ಮೆದುವಾದ ಬ್ರಷ್ಷಿನಿಂದ ಹಿಂದಿನ ದೊಡ್ಡ ಹಲ್ಲುಗಳವರೆಗೆ ಹೋಗಬಹುದು. ಹಲ್ಲು ವಸಡಿಗೆ ಸೇರುವ ಗೆರೆಯನ್ನೇ ಉಜ್ಜಬೇಕು. ಹೊರಮೈ ಶುದ್ಧವಾದರೆ ಮುಕ್ಕಾಲು ಕೆಲಸ ಆದಂತೆ. ದಿನಕ್ಕೊಮ್ಮೆ ಒಂದೆರಡು ನಿಮಿಷ ಸಾಕು.

ನಮ್ಮ ಪೇಸ್ಟು ನಾಯಿಗೆ ಸಲ್ಲದು. ಮುಕ್ಕಳಿಸಿ ಉಗುಳಲು ಅದಕ್ಕೆ ಬಾರದು. ಫ್ಲೋರೈಡು ಹೊಟ್ಟೆ ಸೇರುತ್ತದೆ. ಕೆಲವು ಪೇಸ್ಟುಗಳಲ್ಲಿರುವ ಜೈಲಿಟಾಲ್ ಎಂಬ ಸಿಹಿಯಂತೂ ರಕ್ತದ ಸಕ್ಕರೆಯನ್ನು ಹಠಾತ್ತನೆ ಇಳಿಸಿ ಪ್ರಾಣಕ್ಕೇ ಮುಳುವಾದೀತು. ನುಂಗಿದರೂ ಬಾಧಕವಿಲ್ಲದ, ನಾಯಿಗಳಿಗೆಂದೇ ಮಾಡಿದ ಪೇಸ್ಟು ಅಂಗಡಿಗಳಲ್ಲಿ ದೊರೆಯುತ್ತದೆ. ಇಲ್ಲವಾದರೆ ಬರಿಯ ನೀರೇ ಲೇಸು. ಬಿರಿಯಾನಿಯ ಮೂಳೆಯಿಂದ ಹಲ್ಲು ಶುದ್ಧವಾಗುವುದೆಂಬ ನಂಬಿಕೆಯೂ ಬೇಡ. ಗಟ್ಟಿ ಮೂಳೆ ಕಡಿದು ದವಡೆಹಲ್ಲು ಸೀಳುವುದುಂಟು. ಈಗಾಗಲೇ ಕಟ್ಟಿದ ಕಲ್ಲನ್ನು ಮನೆಯಲ್ಲಿ ಕೆರೆಯಬಾರದು. ಅದು ಮಂಪರು ಕೊಟ್ಟು ಪಶುವೈದ್ಯರೇ ಮಾಡತಕ್ಕ ಕೆಲಸ. ವಸಡಿನಲ್ಲಿ ರಕ್ತ ಕಂಡರೆ, ನಾಯಿ ಮುಖ ಮುಟ್ಟಗೊಡದಿದ್ದರೆ, ಬ್ರಷ್ಷನ್ನು ಬದಿಗಿಟ್ಟು ಮೊದಲು ಅವರಿಗೆ ತೋರಿಸಬೇಕು.

ಈಗ ರಾತ್ರಿಯ ಊಟವಾದ ಮೇಲೆ ಬ್ರಷ್ಷು ಕಂಡೊಡನೆ ಮೋತಿ ತಾನಾಗಿ ಬಂದು ಕೂಡುತ್ತದೆ. ಮಲಗುವುದು ಮತ್ತೆ ಮಂಚದ ಬಳಿಯೇ. ಹೋದ ಮೂರು ಹಲ್ಲುಗಳನ್ನು ತಂದುಕೊಡಲು ನಮ್ಮಿಂದಾಗದು. ಉಳಿದ ಮೂವತ್ತೊಂಬತ್ತನ್ನು ಕಾಯುತ್ತಿದ್ದೇವೆ.