ಹಿಮಸಮುದ್ರವನ್ನು ಸೀಳಿದ ಅಡ್ಮಿರಲ್

1881ನೆಯ ಇಸವಿ. ಕಾನ್‌ಸ್ಟಾಂಟಿನೋಪಲ್ ನಗರದ ಮಗ್ಗುಲಲ್ಲಿರುವ ಬಾಸ್ಫರಸ್ ಜಲಸಂಧಿಯಲ್ಲಿ, ರಷ್ಯದ ರಾಯಭಾರಿಯ ಸೇವೆಗೆಂದು ನಿಯಮಿತವಾಗಿದ್ದ ‘ತಮಾನ್’ ಎಂಬ ಹಡಗು ಲಂಗರು ಹಾಕಿ ನಿಂತಿತ್ತು. ಇಂಥ ಹಡಗಿನ ನಾಯಕನಿಗೆ ಕೆಲಸ ಅಲ್ಪ, ಔತಣಗಳು ಅಧಿಕ. ಆದರೆ ಅದರ ತರುಣ ನಾಯಕನ ಕಣ್ಣು ಔತಣದ ಮೇಜಿಗಿಂತ ಹೆಚ್ಚಾಗಿ ನೀರಿನ ಮೇಲೆ ನೆಟ್ಟಿತ್ತು. ಆ ಜಲಸಂಧಿಯ ಮೇಲ್ಭಾಗದಲ್ಲಿ ನೀರು ಕಪ್ಪು ಸಮುದ್ರದಿಂದ ಮಾರ್ಮರ ಸಮುದ್ರದ ಕಡೆಗೆ ರಭಸವಾಗಿ ಹರಿಯುತ್ತದೆ. ಆಳದಲ್ಲಿ ಇದಕ್ಕೆ ವಿರುದ್ಧವಾದ ಮತ್ತೊಂದು ಪ್ರವಾಹವುಂಟೆಂದು ಇಟಲಿಯ ಮಾರ್ಸಿಲಿ ಎಂಬ ವಿದ್ವಾಂಸನು 17ನೆಯ ಶತಮಾನದಲ್ಲಿಯೇ ಹೇಳಿದ್ದನಾದರೂ ಪಂಡಿತರಲ್ಲಿ ಒಮ್ಮತವಿರಲಿಲ್ಲ. ತರುಣನು ಸಣ್ಣ ದೋಣಿಯೊಂದರಲ್ಲಿ ಜಲಸಂಧಿಯ ನಡುವಿಗೆ ಹೋಗಿ, ಭಾರ ಕಟ್ಟಿದ ಪೀಪಾಯಿಯನ್ನು ಹಗ್ಗದಿಂದ ಆಳಕ್ಕೆ ಇಳಿಬಿಟ್ಟನು. ಯಾರೂ ಹುಟ್ಟು ಹಾಕದಿದ್ದರೂ ದೋಣಿಯು ಮೇಲಿನ ಪ್ರವಾಹಕ್ಕೆ ಎದುರಾಗಿ ಚಲಿಸತೊಡಗಿತು! ಕೆಳಗಿನ ನೀರು ಪೀಪಾಯಿಯನ್ನು ಹಿಡಿದು ಎಳೆಯುತ್ತಿತ್ತು.

ಈ ತರುಣನೇ ಸ್ಟೆಪಾನ್ ಒಸಿಪೊವಿಚ್ ಮಕಾರೊವ್, ಮುಂದೆ ರಷ್ಯದ ವೈಸ್ ಅಡ್ಮಿರಲ್ ಆದವನು.

ಒಂದು ಪೀಪಾಯಿಯ ಆಟದಿಂದ ಅವನಿಗೆ ತೃಪ್ತಿಯಾಗಲಿಲ್ಲ. ನೀರಿನಾಳದ ವೇಗವನ್ನು ಗಂಟೆಯ ನಾದದಿಂದ ತಿಳಿಸುವ ಒಂದು ಉಪಕರಣವನ್ನು ತಾನೇ ರಚಿಸಿ, ಜಲಸಂಧಿಯ ಬೇರೆ ಬೇರೆ ಸ್ಥಳಗಳಲ್ಲಿ ತಿಂಗಳುಗಟ್ಟಲೆ ಅಳತೆ ಮಾಡಿದನು. ಕಾರಣವೂ ಸ್ಪಷ್ಟವಾಯಿತು. ಡಾನ್ಯೂಬ್, ನೀಪರ್ ಮೊದಲಾದ ಮಹಾನದಿಗಳು ಕಪ್ಪು ಸಮುದ್ರಕ್ಕೆ ಸಿಹಿನೀರನ್ನು ಸುರಿಯುತ್ತವೆ. ಅದರ ಮೇಲ್ಭಾಗದ ಒಂದು ಕಿಲೋಗ್ರಾಂ ನೀರಿನಲ್ಲಿ ಸುಮಾರು 18 ಗ್ರಾಂ ಉಪ್ಪು ಮಾತ್ರ. ಬಿಸಿಲಿಗೆ ಆರುವ ಮೆಡಿಟರೇನಿಯನ್ನಿನಲ್ಲಾದರೋ ಅದು 38 ಗ್ರಾಂ. ಹಗುರವಾದ ನೀರು ಮೇಲೆ ಹೊರಕ್ಕೆ, ಭಾರವಾದ ನೀರು ಕೆಳಗೆ ಒಳಕ್ಕೆ. 1885ರಲ್ಲಿ ಪ್ರಕಟವಾದ ಈ ಪ್ರಬಂಧಕ್ಕೆ ರಷ್ಯದ ವಿಜ್ಞಾನ ಅಕಾಡೆಮಿ ಬಹುಮಾನ ನೀಡಿತು. ತುರ್ಕಿಯವರ ಕಣ್ಣೆದುರಿನಲ್ಲೇ, ನಾಲ್ಕು ವರ್ಷಗಳ ಹಿಂದೆ ಅವರೊಡನೆ ಹೋರಾಡಿದ್ದ ಅಧಿಕಾರಿಯೊಬ್ಬನು ಇಷ್ಟೆಲ್ಲ ಮಾಡಿದನೆಂಬುದು ಸೋಜಿಗದ ಸಂಗತಿ.

ಮಕಾರೊವ್ ಹುಟ್ಟಿದ್ದು 1849ರ ಜನವರಿಯಲ್ಲಿ, ಇಂದು ಯುಕ್ರೇನಿಗೆ ಸೇರಿರುವ ನಿಕೊಲಾಯೆವ್ ಎಂಬ ಹಡಗುಕಟ್ಟೆಯ ಊರಿನಲ್ಲಿ. ತಂದೆ ಸಾಮಾನ್ಯ ಶ್ರೇಣಿಯಿಂದ ಮೇಲೇರಿ ಕಿರಿಯ ಅಧಿಕಾರಿಯಾದವನು. ಅಂದಿನ ರಷ್ಯದ ನೌಕಾಪಡೆಯಲ್ಲಿ ಹಡಗನ್ನು ಆಳುವವರು ಶ್ರೀಮಂತ ಮನೆತನದವರು. ದಿಕ್ಕು ಲೆಕ್ಕ ಹಾಕುವ ನಾವಿಕವರ್ಗ ಬೇರೆ, ಕೆಳಗಿನದು. ನಮ್ಮ ಜಾತಿಕಟ್ಟುಗಳನ್ನು ಬಲ್ಲ ವಾಚಕರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಪೂರ್ವತೀರದ ಅಮೂರ್ ನದಿಯ ಬಳಿ ಕೆಳವರ್ಗದ ಶಾಲೆಯಲ್ಲಿ ಕಲಿತ ಹುಡುಗನು ಮೇಲಧಿಕಾರಿಗಳ ಮೆಚ್ಚುಗೆಯಿಂದ ಆ ಗೋಡೆಯನ್ನು ದಾಟಿ, 1869ರಲ್ಲಿ ಅಧಿಕಾರಿಯಾದನು.

ಅದೇ ವರ್ಷ ಅವನಿದ್ದ ‘ರುಸಾಲ್ಕ’ ಎಂಬ ಕವಚನೌಕೆ ಬಂಡೆಗೆ ತಗಲಿತು. ತೂತು ಚಿಕ್ಕದು, ಆದರೂ ಹಡಗು ಮುಳುಗುವ ಸ್ಥಿತಿಗೆ ಬಂದಿತು. ಒಂದು ಕೋಣೆಗೆ ನುಗ್ಗಿದ ನೀರನ್ನು ಹಡಗಿನ ಪಂಪುಗಳೆಲ್ಲ ಸೇರಿ ಎತ್ತುವ ಏರ್ಪಾಡೇ ಇರಲಿಲ್ಲ. ಇಪ್ಪತ್ತೊಂದರ ಹರೆಯದ ಮಕಾರೊವ್ ಈ ಬಗ್ಗೆ ಲೇಖನವೊಂದನ್ನು ಬರೆದು, ತೂತಿನ ಮೇಲೆ ಹೊರಗಿನಿಂದ ಹರಡಬಹುದಾದ ದಪ್ಪ ಚಾಪೆಯನ್ನು ಮೊದಲೇ ಹೊಲಿದು ಸಿದ್ಧವಾಗಿಟ್ಟಿರಬೇಕೆಂದು ಸೂಚಿಸಿದನು. ಮುಳುಗದ ಹಡಗನ್ನು ಕಟ್ಟುವುದು ಹೇಗೆ ಎಂಬ ಚಿಂತೆ ಆಮೇಲೆ ಅವನನ್ನು ಬಿಡಲೇ ಇಲ್ಲ. ‘ರುಸಾಲ್ಕ’ವಾದರೋ 1893ರಲ್ಲಿ ಫಿನ್‌ಲೆಂಡ್ ಕೊಲ್ಲಿಯ ಬಿರುಗಾಳಿಗೆ ಸಿಕ್ಕಿ 177 ಮಂದಿಯೊಡನೆ ಮುಳುಗಿತು, ಒಬ್ಬನೂ ಉಳಿಯಲಿಲ್ಲ.

1877ರಲ್ಲಿ ತುರ್ಕಿಯೊಡನೆ ಯುದ್ಧ ಹತ್ತಿದಾಗ ಕಪ್ಪು ಸಮುದ್ರದಲ್ಲಿ ರಷ್ಯಕ್ಕೆ ಹೇಳಿಕೊಳ್ಳುವಂಥ ನೌಕಾಪಡೆ ಇರಲಿಲ್ಲ. ಮಕಾರೊವ್ ಒಂದು ಪ್ರಯಾಣಿಕರ ಉಗಿಹಡಗನ್ನು ಪಡೆದು, ಅದರ ಮೇಲೆ ಚಿಕ್ಕ ಉಗಿದೋಣಿಗಳನ್ನು ಹೊತ್ತೊಯ್ದು, ಇರುಳಿನಲ್ಲಿ ಶತ್ರುವಿನ ಬಂದರಿನ ಬಳಿ ಇಳಿಸುತ್ತಿದ್ದನು. 1878ರ ಜನವರಿಯಲ್ಲಿ ಬಟೂಮಿಯ ಬಳಿ ಅವನ ದೋಣಿಗಳು ಬಿಟ್ಟ ಟಾರ್ಪಿಡೋಗಳು ತುರ್ಕಿಯ ಹಡಗೊಂದನ್ನು ಮುಳುಗಿಸಿದುವು. ತಾನಾಗಿ ಓಡುವ ಟಾರ್ಪಿಡೋವಿನಿಂದ ಮುಳುಗಿದ ಮೊದಲ ಹಡಗು ಇದೆಂದು ರಷ್ಯದವರು ಬರೆಯುತ್ತಾರೆ, ತುರ್ಕಿಯವರು ಒಪ್ಪುವುದಿಲ್ಲ.

1886ರಿಂದ 1889ರವರೆಗೆ ‘ವೀತ್ಯಾಜ್’ ನೌಕೆಯಲ್ಲಿ ಭೂಪ್ರದಕ್ಷಿಣೆ. ದಾರಿಯುದ್ದಕ್ಕೂ ಕಡಲಿನ ಶಾಖವನ್ನೂ ಸಾಂದ್ರತೆಯನ್ನೂ ಅಳೆದು ಬರೆದಿಟ್ಟ ಲೆಕ್ಕಗಳು ಮುಂದೆ ಎರಡು ಸಂಪುಟಗಳ ಗ್ರಂಥವಾದುವು. ಮೊನಾಕೋವಿನ ಸಮುದ್ರವಿಜ್ಞಾನ ಸಂಗ್ರಹಾಲಯದ ಮುಂಗೋಡೆಯಲ್ಲಿ ಪ್ರಸಿದ್ಧ ಸಂಶೋಧನಾ ನೌಕೆಗಳ ಜೊತೆಗೆ ಈ ಯುದ್ಧನೌಕೆಯ ಹೆಸರನ್ನೂ ಕೆತ್ತಲಾಗಿದೆ.

ಆದರೆ ಮಕಾರೊವನ ಮನಸ್ಸು ಹೆಚ್ಚು ನೆಟ್ಟದ್ದು ಹಿಮದ ಮೇಲೆ. ರಷ್ಯದ ಅನೇಕ ಬಂದರುಗಳು ಆಗ ವರ್ಷಕ್ಕೆ ಹಲವು ತಿಂಗಳು ಹೆಪ್ಪುಗಟ್ಟಿ ಮುಚ್ಚಿಹೋಗುತ್ತಿದ್ದುವು. ಹಿಮವನ್ನು ಒಡೆಯುವ ದೊಡ್ಡ ಹಡಗು ಬೇಕು, ಅದು ಉತ್ತರ ಧ್ರುವದವರೆಗೂ ಹೋಗಬಲ್ಲುದು ಎಂದು 1897ರಲ್ಲಿ ಆತ ಸಭೆಗಳಲ್ಲಿ ವಾದಿಸಿದನು. ನಕ್ಕವರು ಬಹುಮಂದಿ, ಬೆಂಬಲಿಸಿದವರಲ್ಲಿ ಮೂಲವಸ್ತುಗಳ ಕೋಷ್ಟಕವನ್ನು ರಚಿಸಿದ ಮೆಂಡಲೀಫ್ ಒಬ್ಬನು. ಇಂಗ್ಲೆಂಡಿನ ನ್ಯೂಕಾಸಲ್‌ನಲ್ಲಿ ಕಟ್ಟಿದ ‘ಯೆರ್ಮಾಕ್’ 1899ರ ಮಾರ್ಚಿಯಲ್ಲಿ ಹೆಪ್ಪುಗಟ್ಟಿದ ಕಡಲನ್ನು ಒಡೆದುಕೊಂಡು ಕ್ರೋನ್‌ಸ್ಟಾಟ್ ಬಂದರಿಗೆ ಬಂದಾಗ ಜನ ಹಿಮದ ಮೇಲೆಯೇ ಓಡಿಬಂದು ಜಯಕಾರ ಮಾಡಿದರು. ಇಂಥ ಹಡಗು ಹಿಮವನ್ನು ಗರಗಸದಂತೆ ಕೊಯ್ಯುವುದಿಲ್ಲ. ಇಳಿಜಾರಾದ ಮೂತಿಯಿಂದ ಹಿಮದ ಮೇಲೆ ಹತ್ತಿ ಕುಳಿತು, ತನ್ನ ಭಾರದಿಂದಲೇ ಅದನ್ನು ಮುರಿಯುತ್ತದೆ.

ಮರುವರ್ಷ ಫಿನ್‌ಲೆಂಡ್ ಕೊಲ್ಲಿಯಲ್ಲಿ ಹಿಮದ ತುಂಡಿನ ಮೇಲೆ ತೇಲಿಹೋಗುತ್ತಿದ್ದ ಬೆಸ್ತರನ್ನು ‘ಯೆರ್ಮಾಕ್’ ಕಾಪಾಡಿತು. ಅದಕ್ಕೆ ಆಜ್ಞೆ ತಲಪಿದ್ದು ಆಗತಾನೆ ಹುಟ್ಟಿದ್ದ ನಿಸ್ತಂತು ವಾರ್ತೆಯ ಮೂಲಕ. ಆದರೆ ಧ್ರುವಪ್ರದೇಶದ ಗಟ್ಟಿ ಹಿಮಕ್ಕೆ ಅದರ ಒಡಲು ತಾಳಲಿಲ್ಲ; 1901ರ ಯಾತ್ರೆಯಲ್ಲಿ ಬಹುದಿನ ಸಿಕ್ಕಿಬಿದ್ದಿತು. ಹಿಂದಿರುಗಿದ ಮೇಲೆ ಧ್ರುವದ ಕೆಲಸವನ್ನು ಸರ್ಕಾರ ಮಕಾರೊವನ ಕೈಯಿಂದ ತೆಗೆದುಕೊಂಡಿತು. ಒಂದು ಸೋಲಿಗೆ ಇದು ಅತಿಯಾದ ದಂಡವೆಂದೇ ನನ್ನ ಅಭಿಪ್ರಾಯ.

ಆಗ ಆತ ಕ್ರೋನ್‌ಸ್ಟಾಟ್ ಬಂದರಿನ ಮುಖ್ಯಾಧಿಕಾರಿ. ಜಪಾನಿನೊಡನೆ ವಿರಸ ಬೆಳೆಯುತ್ತಿತ್ತು. ಪೋರ್ಟ್ ಆರ್ಥರಿನಲ್ಲಿ ರಷ್ಯದ ಹಡಗುಗಳನ್ನು ಬಂದರಿನ ಹೊರಗೆ ನಿಲ್ಲಿಸಿರುವುದು ಅಪಾಯ, ಇರುಳಿನ ದಾಳಿಯೊಂದಾದರೆ ತಕ್ಕ ಬೆಲೆ ತೆರಬೇಕಾದೀತು ಎಂದು ಆತ ನೌಕಾಮಂತ್ರಾಲಯಕ್ಕೆ ಪತ್ರ ಬರೆದನು. ಅದರ ತಾರೀಖು 1904ರ ಫೆಬ್ರವರಿ 8. ಅಂದು ರಾತ್ರಿಯೇ ಜಪಾನೀಯರ ಟಾರ್ಪಿಡೋಗಳು ಹೊರಗೆ ನಿಂತ ಹಡಗುಗಳಿಗೆ ಬಡಿದುವು.

ಈಗ ಸರ್ಕಾರಕ್ಕೆ ಮಕಾರೊವ್ ನೆನಪಾದನು. ಮಾರ್ಚಿ 8ರಂದು ಆತ ಪೋರ್ಟ್ ಆರ್ಥರಿಗೆ ಬಂದಿಳಿದನು. ಎರಡೇ ದಿನಗಳಲ್ಲಿ, ಮುತ್ತಿಗೆಗೆ ಸಿಕ್ಕ ಚಿಕ್ಕ ನೌಕೆಯೊಂದರ ನೆರವಿಗೆ ತಾನೇ ಹಗುರವಾದ ‘ನೋವಿಕ್’ ಹಡಗನ್ನೇರಿ ಹೊರಟನು. ನೌಕೆ ಉಳಿಯಲಿಲ್ಲವಾದರೂ, ಅಡ್ಮಿರಲ್ ಹಿಂದಿರುಗುವುದನ್ನು ಕಂಡ ನಾವಿಕರ ಎದೆಗೆ ಬಲ ಬಂದಿತು. ಹಡಗುಗಳೆಲ್ಲ ಒಂದೇ ಭರತದಲ್ಲಿ ಬಂದರಿನಿಂದ ಹೊರಬೀಳುವಂತೆ ಅವರನ್ನು ಪಳಗಿಸಿದನು.

ಏಪ್ರಿಲ್ 12ರ ರಾತ್ರಿ ಬಂದರಿನ ಹೊರಗೆ ಮಸಕು ಆಕೃತಿಗಳು ಕಂಡುವು. ಗುಂಡು ಹಾರಿಸಲೇ ಎಂದು ಕೇಳಿದರು. ಹೊರಗೆ ಹೋಗಿದ್ದ ತನ್ನವೇ ನೌಕೆಗಳಿರಬಹುದೆಂದು ಮಕಾರೊವ್ ಬೇಡವೆಂದನು. ಬೆಳಗಾದ ಮೇಲೆ ಆ ಸ್ಥಳವನ್ನು ಜಾಲಾಡಿಸೋಣವೆಂದನು. ಅವು ಸಿಡಿಗುಂಡುಗಳನ್ನು ನೀರಿನಲ್ಲಿ ಹುದುಗಿಸುತ್ತಿದ್ದ ಜಪಾನೀ ಹಡಗುಗಳು. ಬೆಳಗ್ಗೆ ತನ್ನ ನೌಕೆಯೊಂದು ಶತ್ರುವಿಗೆ ಸಿಕ್ಕಿದ ಸುದ್ದಿ ಬರಲು, ಆ ಗಡಿಬಿಡಿಯಲ್ಲಿ ಜಾಲಾಡಿಸುವ ಕೆಲಸ ಉಳಿದೇಹೋಯಿತು. ಹೊರಗೆ ಹೋಗಿ ಹಿಂದಿರುಗುತ್ತಿದ್ದ ಅವನ ಧ್ವಜನೌಕೆ ‘ಪೆತ್ರೊಪಾವ್ಲೊವ್‌ಸ್ಕ್’ ಒಂಬತ್ತೂವರೆ ದಾಟಿದಾಗ ಸಿಡಿಗುಂಡಿಗೆ ತಗಲಿತು. ಒಳಗಿನ ಮದ್ದಿನ ಕೋಣೆಗಳೂ ಸಿಡಿದುವು. ಸುಮಾರು ಎರಡು ನಿಮಿಷಗಳಲ್ಲಿ ಎಲ್ಲವೂ ಮುಗಿಯಿತು. ಆರುನೂರಕ್ಕೂ ಹೆಚ್ಚು ಜನ ಸತ್ತರು. ಮುಳುಗದ ಹಡಗನ್ನು ಚಿಂತಿಸುತ್ತಲೇ ಮೂವತ್ತೈದು ವರ್ಷ ಕಳೆದವನ ಮೇಲಂಗಿ ಮಾತ್ರ ನೀರಿನ ಮೇಲೆ ಸಿಕ್ಕಿತು.

ಅವನೊಡನೆ ಸತ್ತವರಲ್ಲಿ ಯುದ್ಧದ ಘೋರವನ್ನು ಚಿತ್ರಿಸಿ ಜಗತ್ಪ್ರಸಿದ್ಧನಾಗಿದ್ದ ವೆರೆಷ್ಚಾಗಿನ್ ಎಂಬ ಕಲಾವಿದನೂ ಇದ್ದನು. ಆತ ನಮ್ಮ ದೇಶದಲ್ಲಿ ಸುತ್ತಾಡಿ ತಾಜಮಹಲನ್ನು ಚಿತ್ರಿಸಿದವನು. ಜಯಪುರದ ಮೆರವಣಿಗೆಯ ಅವನ ಬೃಹತ್ ಚಿತ್ರ ಕಲ್ಕತ್ತೆಯ ವಿಕ್ಟೋರಿಯಾ ಸ್ಮಾರಕದಲ್ಲಿದೆ.

ಮಕಾರೊವನ ನಂತರ ಪೋರ್ಟ್ ಆರ್ಥರಿನ ಹಡಗುಗಳಿಗೆ ಅಂಥ ನಾಯಕ ದೊರೆಯಲಿಲ್ಲ. 1905ರ ಜನವರಿಯಲ್ಲಿ ಕೋಟೆ ಶರಣಾಯಿತು. ‘ಯೆರ್ಮಾಕ್’ ಮಾತ್ರ ತ್ಸಾರನ ಆಳ್ವಿಕೆಯನ್ನೂ ಎರಡು ಮಹಾಯುದ್ಧಗಳನ್ನೂ ದಾಟಿ 1960ರ ದಶಕದವರೆಗೆ ಹಿಮ ಒಡೆಯುತ್ತಿತ್ತು. ಇನ್ನು ಶತ್ರುದೇಶದಲ್ಲಿ, 1904ರಲ್ಲಿ ಹದಿನೆಂಟು ವರ್ಷದವನಾಗಿದ್ದ ಇಷಿಕಾವ ತಕುಬೊಕು ಎಂಬ ಜಪಾನೀ ಕವಿ, ಯುದ್ಧ ನಡೆಯುತ್ತಿರುವಾಗಲೇ, ಅಡ್ಮಿರಲ್ ಮಕಾರೊವನ ಮರಣಕ್ಕಾಗಿ ಶೋಕಗೀತೆಯೊಂದನ್ನು ಬರೆದನು.