ಮೊಬೈಲಿನ ಹಬ್ಬಕ್ಕೆ ಊರಿನ ಲೆಕ್ಕ

ಹಂಗಾಮಿಗೊಂದು ಆಟ ಎಂಬುದು ಆಳಂದ, ಅಫಜಲಪುರ, ಜೇವರ್ಗಿಯ ಜನಕ್ಕೆ ಹೊಸತೇನಲ್ಲ. ಕಾರಹುಣ್ಣಿಮೆಗೆ ಎತ್ತು ಓಡಿಸಿ ಕರಿ ಹರಿಯುತ್ತಾರೆ. ನಾಗರಪಂಚಮಿಗೆ ಮರಕ್ಕೆ ಜೋಕಾಲಿ ಕಟ್ಟುತ್ತಾರೆ. ಇಷ್ಟೇ ಎಸೆತದಲ್ಲಿ ಲಿಂಬೆಹಣ್ಣನ್ನು ಅಗಸಿಯಿಂದ ಆ ಗುಡಿಯವರೆಗೆ ಮುಟ್ಟಿಸುತ್ತೇನೆಂದು ಹುಡುಗರು ಪಂದ್ಯ ಕಟ್ಟುತ್ತಾರೆ. ಹಬ್ಬ ಮುಗಿದರೆ ಹಗ್ಗ ಅಟ್ಟ ಸೇರುತ್ತದೆ. ಜೋಕಾಲಿ ತಪ್ಪಿತೆಂದು ಯಾರೂ ದುಡ್ಡು ಕಟ್ಟಿ ಇನ್ನೆರಡು ದಿನ ಕೊಳ್ಳುವುದಿಲ್ಲ.

ಈಗ ಅದೇ ಹುಡುಗರ ಕೈಯಲ್ಲಿ ಇನ್ನೊಂದು ಬಗೆಯ ಹಬ್ಬವಿದೆ. ಬಿಜಿಎಂಐ, ಫ್ರೀ ಫೈರ್ ಮ್ಯಾಕ್ಸ್, ಕ್ಲ್ಯಾಶ್ ಆಫ್ ಕ್ಲ್ಯಾನ್ಸ್, ಪೊಕೆಮಾನ್ ಗೋ ಮುಂತಾದ ಆಟಗಳಲ್ಲಿ ದೀಪಾವಳಿಗೆ, ಹೋಳಿಗೆ, ಹೊಸ ವರ್ಷಕ್ಕೆ ‘ಈವೆಂಟ್’ ಬರುತ್ತವೆ. ಒಂದಿಷ್ಟು ದಿನ ಮಾತ್ರ ಸಿಗುವ ಬಟ್ಟೆ, ಬಂದೂಕಿನ ಬಣ್ಣ, ವಿಶೇಷ ನಕಾಶೆ, ಎರಡರಷ್ಟು ಅಂಕ. ಪರದೆಯ ಮೂಲೆಯಲ್ಲಿ ದಿನ, ಗಂಟೆ, ನಿಮಿಷ ಇಳಿಯುತ್ತಿರುತ್ತದೆ. ಮನೆಯಲ್ಲಿ ಮಾತು ಶುರುವಾಗುತ್ತದೆ: “ಅಣ್ಣಾ, ನಾಳಿಗೇ ಮುಗೀತದ, ನೂರು ರೂಪಾಯಿ ಹಾಕೋ!”

ಈ ಮಾತು ಬರುವುದು ಹೆಚ್ಚಾಗಿ ಕೊನೆಯ ದಿನ. ಈವೆಂಟಿನ ಲಾಭ ನಷ್ಟ ತೀರ್ಮಾನವಾಗುವುದು ಮಾತ್ರ ಮೊದಲ ದಿನ.

ಕಂಪನಿಗಳಿಗೆ ಇದು ಯಾಕೆ ಬೇಕು?

ಇಂಥ ಆಟಗಳನ್ನು ಪುಕ್ಕಟೆ ಇಳಿಸಿಕೊಳ್ಳಬಹುದು. ಕಂಪನಿಯ ಗಳಿಕೆ ಬರುವುದು ಒಳಗೆ ನಡೆಯುವ ಸಣ್ಣ ಸಣ್ಣ ಖರೀದಿಯಿಂದ. ಆದ್ದರಿಂದ ಆಟಗಾರ ದಿನವೂ ಮರಳಿ ಬರಬೇಕು. 2004ರಲ್ಲಿ ಬಂದ ವರ್ಲ್ಡ್ ಆಫ್ ವಾರ್‌ಕ್ರಾಫ್ಟ್ ಆಟ ವರ್ಷದ ಹಬ್ಬಗಳನ್ನು ಆಟದೊಳಗೇ ಆಚರಿಸುವುದನ್ನು ರೂಢಿಗೆ ತಂದಿತು. 2013ರಲ್ಲಿ ಡೋಟಾ 2 ತನ್ನ ದೊಡ್ಡ ಪಂದ್ಯಾವಳಿಗೆ ‘ಕಂಪೆಂಡಿಯಂ’ ಎಂಬ ಪುಸ್ತಿಕೆಯನ್ನು ಮಾರಿತು. ಅದನ್ನು ಕೊಂಡವರಿಗೆ ಆಟದೊಳಗಿನ ಬಹುಮಾನಗಳು ಸಿಗುತ್ತಿದ್ದವು. 2017ರ ಕೊನೆಗೆ ಫೋರ್ಟ್‌ನೈಟ್ ಅದನ್ನೇ ‘ಬ್ಯಾಟಲ್ ಪಾಸ್’ ಎಂದು ಮನೆಮಾತಾಗಿಸಿತು. ಇಂದಿನ ರಾಯಲ್ ಪಾಸ್, ಗೋಲ್ಡ್ ಪಾಸ್ ಎಲ್ಲವೂ ಅದೇ ಕುಲದವು: ಒಂದು ಸಾಲು ಪುಕ್ಕಟೆ, ಇನ್ನೊಂದು ಸಾಲು ದುಡ್ಡಿಗೆ, ಎರಡಕ್ಕೂ ಕೊನೆಯ ದಿನ ಒಂದೇ.

ಆಟಗಾರನಿಗೂ ಇದರಲ್ಲಿ ನಿಜವಾದ ಲಾಭವಿದೆ. ಈವೆಂಟಿನ ದಿನಗಳಲ್ಲಿ ಆಡುವವರು ಹೆಚ್ಚು, ಜೋಡಿ ಬೇಗ ಸಿಗುತ್ತದೆ, ಅದೇ ಶ್ರಮಕ್ಕೆ ಹೆಚ್ಚು ಅಂಕ ಬರುತ್ತದೆ. ತಿಂಗಳೆಲ್ಲ ಚೂರುಚೂರು ಆಡುವುದಕ್ಕಿಂತ ಈವೆಂಟ್ ನೋಡಿ ಆಡುವವನ ಸಮಯ ಉಳಿಯುತ್ತದೆ. ಅದಕ್ಕೆ ಲೆಕ್ಕ ಬೇಕು, ಅಷ್ಟೆ.

ಮೊದಲ ದಿನದ ಲೆಕ್ಕ

ಒಂದು ಕಲ್ಪಿತ ಈವೆಂಟ್ ತೆಗೆದುಕೊಳ್ಳೋಣ. ಅವಧಿ 21 ದಿನ. ದಿನದ ಕೆಲಸ ಮುಗಿಸಿದರೆ 100 ಅಂಕ, ವಾರದ ಕೆಲಸಕ್ಕೆ 200. ಒಟ್ಟು ಸಿಗಬಹುದಾದದ್ದು 2,100 ಮತ್ತು 600, ಅಂದರೆ 2,700.

ನಿಮಗೆ ಬೇಕಾದ ಬಹುಮಾನ 2,000 ಅಂಕಕ್ಕಿದೆ ಎನ್ನಿ. ವಾರದ ಕೆಲಸದಿಂದ 600 ಬಂದರೆ ಉಳಿದ 1,400ಕ್ಕೆ 14 ದಿನ ಸಾಕು. ಏಳು ದಿನ ಮೊಬೈಲ್ ಮುಟ್ಟದಿದ್ದರೂ ಬಹುಮಾನ ತಪ್ಪುವುದಿಲ್ಲ. ಅದೇ ಬಹುಮಾನ 2,900ಕ್ಕಿದ್ದರೆ, ನಿದ್ದೆಗೆಟ್ಟು ಆಡಿದರೂ 200 ಅಂಕ ಕೊರತೆ. ಆ ಕೊರತೆಯನ್ನು ದುಡ್ಡಿನಿಂದ ತುಂಬಲಿ ಎಂದೇ ಈವೆಂಟನ್ನು ಹಾಗೆ ಹೆಣೆದಿರುತ್ತಾರೆ. ಇದು ಮೊದಲ ದಿನ ತಿಳಿದರೆ ಕೈಬಿಡುವುದು ಸುಲಭ. ಇಪ್ಪತ್ತನೆಯ ದಿನ ತಿಳಿದರೆ, ಇಷ್ಟು ಆಡಿದ್ದು ವ್ಯರ್ಥವಾಗಬಾರದೆಂದು ಕೈ ತಾನಾಗಿ ಜೇಬಿಗೆ ಹೋಗುತ್ತದೆ.

ಹಾಗಾಗಿ ಈವೆಂಟ್ ತೆರೆದ ಕೂಡಲೇ ಮೊದಲ ಆಟಕ್ಕಿಂತ ಮುಂಚೆ ನಿಯಮದ ಪುಟ ಓದಬೇಕು. ಒಟ್ಟು ಅಂಕ ಎಷ್ಟು, ದುಡ್ಡಿಲ್ಲದೆ ಎಷ್ಟು ಸಾಧ್ಯ, ತಪ್ಪಿಹೋದ ದಿನದ ಕೆಲಸವನ್ನು ಆಮೇಲೆ ಮಾಡಬಹುದೇ, ಅಂಕ ಬದಲಾಯಿಸಿಕೊಳ್ಳುವ ಅಂಗಡಿ ಯಾವಾಗ ಮುಚ್ಚುತ್ತದೆ. ಗಳಿಸಿದ ಅಂಕವನ್ನು ಬದಲಾಯಿಸಿಕೊಳ್ಳದೆ ಬಿಟ್ಟು ಕಳೆದುಕೊಳ್ಳುವವರೂ ಬಹಳ.

ಗಡಿಯಾರ ಯಾವ ಊರಿನದು?

ಬಹಳಷ್ಟು ಆಟಗಳ ದಿನ ಬದಲಾಗುವುದು ನಮ್ಮ ಮಧ್ಯರಾತ್ರಿಗಲ್ಲ. ಸರ್ವರುಗಳು ಯುಟಿಸಿ ಎಂಬ ಜಾಗತಿಕ ಕಾಲಮಾನ ನೋಡುತ್ತವೆ. ಭಾರತದ ವೇಳೆ ಅದಕ್ಕಿಂತ ಐದೂವರೆ ಗಂಟೆ ಮುಂದು. ಯುಟಿಸಿ ಮಧ್ಯರಾತ್ರಿಗೆ ದಿನ ಬದಲಾಯಿಸುವ ಆಟದಲ್ಲಿ ನಮ್ಮ ಹೊಸ ದಿನ ಬೆಳಗಿನ 5:30ಕ್ಕೆ. ಹೊಲಕ್ಕೆ ಹೋಗಲು ನಸುಕಿನಲ್ಲೇ ಏಳುವ ಮನೆಯ ಹುಡುಗನಿಗೆ ಇದು ಅನುಕೂಲ: 5:30ಕ್ಕೆ ಮೊದಲು ನಿನ್ನೆಯದು, ಆದಮೇಲೆ ಇವತ್ತಿನದು, ಒಂದೇ ಕೂತಲ್ಲಿ ಎರಡು ದಿನದ ಕೆಲಸ ಮುಗಿಯುತ್ತದೆ.

ಕ್ಲ್ಯಾಶ್ ಆಫ್ ಕ್ಲ್ಯಾನ್ಸ್‌ನ ‘ಕ್ಲ್ಯಾನ್ ಗೇಮ್ಸ್’ ಎಂಬ ಗುಂಪಿನ ಈವೆಂಟ್ ನೋಡಿ. 2017ರ ಡಿಸೆಂಬರಿನಲ್ಲಿ ಶುರುವಾದ ಇದು ತಿಂಗಳ 22ರಿಂದ 28ರವರೆಗೆ ನಡೆಯುತ್ತದೆ. ತೆರೆಯುವುದೂ ಮುಚ್ಚುವುದೂ ಯುಟಿಸಿ ಬೆಳಗಿನ ಎಂಟಕ್ಕೆ, ಅಂದರೆ ನಮ್ಮ ಮಧ್ಯಾಹ್ನ 1:30ಕ್ಕೆ. 28ರ ಸಂಜೆ ಕಾಲೇಜು ಬಿಟ್ಟು ಬಂದು ಆಡುತ್ತೇನೆ ಎಂದುಕೊಂಡವನಿಗೆ ಅಂಗಡಿ ಮುಚ್ಚಿರುತ್ತದೆ. ಅವನ ಕೊನೆಯ ದಿನ 27 ಎಂದೇ ಬರೆದಿಟ್ಟುಕೊಳ್ಳಬೇಕು.

ಪೊಕೆಮಾನ್ ಗೋ ಬೇರೆ ದಾರಿ ಹಿಡಿದಿದೆ. 2016ರ ಡಿಸೆಂಬರಿನಲ್ಲಿ ಭಾರತಕ್ಕೆ ಬಂದ ಈ ಆಟ 2018ರ ಜನವರಿಯಿಂದ ‘ಕಮ್ಯುನಿಟಿ ಡೇ’ ಎಂಬ ಈವೆಂಟ್ ನಡೆಸುತ್ತಿದೆ. ಈಗ ಅದು ಸಾಮಾನ್ಯವಾಗಿ ಆಯಾ ಊರಿನ ವೇಳೆಯಲ್ಲಿ ಮಧ್ಯಾಹ್ನ 2ರಿಂದ 5. ನಡೆದಾಡಿಯೇ ಆಡಬೇಕಾದ ಆಟವಿದು. ಏಪ್ರಿಲ್, ಮೇ ತಿಂಗಳಲ್ಲಿ ಕಲಬುರಗಿ ಸೀಮೆಯ ಬಿಸಿಲು 40 ಡಿಗ್ರಿ ದಾಟುವಾಗ ಆ ಮೂರು ಗಂಟೆ ಬಯಲಲ್ಲಿ ಅಲೆಯುವುದು ಸಾಹಸವಲ್ಲ, ಅವಿವೇಕ. ನೆರಳಿರುವ ಜಾಗದಲ್ಲಿ ಕೊನೆಯ ಒಂದು ಗಂಟೆ ಆಡಿದರೆ ಸಾಕು. ಮನೆಯಲ್ಲಿ ಕೂತು ಜಿಪಿಎಸ್ ವಂಚಿಸುವ ಆ್ಯಪ್ ಹಾಕಿಕೊಂಡರೆ ಖಾತೆಯೇ ಹೋಗಬಹುದು.

ಹಂಚಿಕೊಂಡರೆ ಹಗುರ

ಕ್ಲ್ಯಾನ್ ಗೇಮ್ಸ್‌ನಲ್ಲಿ ಒಬ್ಬ ಆಟಗಾರ ಸಾಮಾನ್ಯವಾಗಿ 4,000 ಅಂಕದವರೆಗೆ ಗಳಿಸಬಹುದು. ಇಡೀ ಗುಂಪಿನ ಕೊನೆಯ ಮೆಟ್ಟಿಲು 50,000. ಹದಿಮೂರು ಜನ ಪೂರ್ತಿ ದುಡಿದರೆ ಮೆಟ್ಟಿಲು ಹತ್ತಿದಂತೆ. ಇಪ್ಪತ್ತು ಜನರಿದ್ದರೆ ತಲೆಗೆ 2,500 ಸಾಕು. ಆದ್ದರಿಂದ ಹೆಸರಿಗೆ ಐವತ್ತು ಜನ ತುಂಬಿದ, ಮುಖ ಗೊತ್ತಿಲ್ಲದ ಗುಂಪಿಗಿಂತ ಊರಿನ, ಕಾಲೇಜಿನ ಇಪ್ಪತ್ತು ಗೆಳೆಯರ ಗುಂಪು ಮೇಲು. ಯಾರ ಮನೆಯಲ್ಲಿ ರಾಶಿ, ಯಾರಿಗೆ ಪರೀಕ್ಷೆ ಎಂಬುದು ಪರಸ್ಪರ ಗೊತ್ತಿರುತ್ತದೆ. ಈ ತಿಂಗಳು ಬಿಡುವಿದ್ದವರು 4,000 ಮಾಡಲಿ, ಉಳಿದವರು ಒಂದೆರಡು ಕೆಲಸ ಮಾಡಿ ಬಹುಮಾನಕ್ಕೆ ಅರ್ಹರಾಗಲಿ. ಮುಯ್ಯಾಳಿನ ಪದ್ಧತಿ ಇದ್ದ ಊರುಗಳಿಗೆ ಇದನ್ನು ಬೇರೆ ಹೇಳಿಕೊಡಬೇಕಿಲ್ಲ.

ಡೇಟಾ ಮತ್ತು ಕರೆಂಟು

ಹೊಸ ಸೀಸನ್ ಎಂದರೆ ದೊಡ್ಡ ಅಪ್‌ಡೇಟ್. ಒಂದು ಜಿಬಿ ಮೀರುವುದು ಮಾಮೂಲು. ದಿನಕ್ಕೆ 1.5 ಅಥವಾ 2 ಜಿಬಿ ಪ್ಯಾಕಿನಲ್ಲಿ ಬದುಕುವವರು ಬೆಳಿಗ್ಗೆ ಅಪ್‌ಡೇಟ್ ಹಾಕಿದರೆ ಸಂಜೆ ಆಡಲು ಡೇಟಾ ಇರುವುದಿಲ್ಲ. ದಿನದ ಡೇಟಾ ಮಧ್ಯರಾತ್ರಿಗೆ ತೀರಿ ಹೊಸತು ಬರುವುದರಿಂದ, ರಾತ್ರಿ ಉಳಿದದ್ದನ್ನು ಅಪ್‌ಡೇಟಿಗೆ ಬಳಸುವುದು ಜಾಣತನ. ಕೆಲವು ಆಟಗಳು ಹೊಸ ಫೈಲುಗಳನ್ನು ಒಂದೆರಡು ದಿನ ಮೊದಲೇ ಇಳಿಸಿಕೊಳ್ಳಲು ಬಿಡುತ್ತವೆ. ಬೇಡದ ನಕಾಶೆ, ಭಾಷೆಯ ಪ್ಯಾಕುಗಳನ್ನು ತೆಗೆದರೆ ಜಾಗವೂ ಉಳಿಯುತ್ತದೆ.

ಕರೆಂಟು, ನೆಟ್‌ವರ್ಕು ಯಾವಾಗ ಹೋಗುತ್ತವೆಂದು ಹೇಳಲಾಗದ ಹಳ್ಳಿಯಲ್ಲಿ ಕೊನೆಯ ದಿನಕ್ಕೆ ಏನನ್ನೂ ಉಳಿಸಬಾರದು. ಮೇಲಿನ ಲೆಕ್ಕದ ಏಳು ರಜಾದಿನಗಳಲ್ಲಿ ಎರಡನ್ನು ಗಾಳಿಮಳೆಗೆ ಮೀಸಲಿಡಿ.

ದುಡ್ಡಿನ ಮಾತು

ಈವೆಂಟುಗಳಲ್ಲಿ ಪಾಸಿನ ಜೊತೆಗೆ ಹಣ ಹೋಗುವುದು ದುಡ್ಡು ಕಟ್ಟಿ ಅದೃಷ್ಟದ ಚಕ್ರ ತಿರುಗಿಸುವ ‘ಸ್ಪಿನ್’ಗೆ. ಬಯಸಿದ ವಸ್ತು ಸಿಗುವ ಸಾಧ್ಯತೆ ಶೇ. 1 ಇದ್ದರೆ ನೂರು ಸಲ ತಿರುಗಿಸಿದಾಗ ಖಂಡಿತ ಸಿಗುತ್ತದೆಂದು ತೋರುತ್ತದೆ. ಗಣಿತ ಬೇರೆ ಹೇಳುತ್ತದೆ: ನೂರು ಸಲದಲ್ಲೂ ಒಮ್ಮೆಯೂ ಸಿಗದಿರುವ ಸಾಧ್ಯತೆ ಸುಮಾರು ಶೇ. 37. ಸ್ಪಿನ್‌ಗೆ 20 ರೂಪಾಯಿ ಎಂದಿಟ್ಟುಕೊಂಡರೆ ಖರ್ಚು 2,000. 2025-26ರಲ್ಲಿ ಕರ್ನಾಟಕದ ನರೇಗಾ ದಿನಗೂಲಿ 370 ರೂಪಾಯಿ ಇತ್ತು. ಐದು ದಿನ ಬದು ಹಾಕಿದ ಕೂಲಿಗಿಂತ ಹೆಚ್ಚು ಹಣ ಕೊಟ್ಟಮೇಲೂ ಮೂವರಲ್ಲಿ ಒಬ್ಬರಿಗಿಂತ ಹೆಚ್ಚು ಜನ ಬರಿಗೈ. ಇಷ್ಟೇ ಸ್ಪಿನ್ ಆದಮೇಲೆ ವಸ್ತು ಕೊಟ್ಟೇ ಕೊಡುತ್ತೇವೆ ಎಂಬ ಭರವಸೆ ನಿಯಮದಲ್ಲಿದ್ದರೆ ಮಾತ್ರ ಪೂರ್ತಿ ಬೆಲೆ ಮೊದಲೇ ತಿಳಿಯುತ್ತದೆ.

ಪಾಸ್ ಕೊಳ್ಳುವುದೇ ಆದರೆ ಮೊದಲ ದಿನ ಕೊಳ್ಳದಿರಿ. ಬಹುತೇಕ ಆಟಗಳಲ್ಲಿ ಪಾಸನ್ನು ಕೊನೆಗೆ ಕೊಂಡರೂ ಅಲ್ಲಿಯವರೆಗೆ ಹತ್ತಿದ ಮೆಟ್ಟಿಲುಗಳ ಬಹುಮಾನ ಒಟ್ಟಿಗೆ ಸಿಗುತ್ತದೆ. ಪುಕ್ಕಟೆ ಸಾಲಿನಲ್ಲಿ ಎಷ್ಟು ದೂರ ಹೋದೆವೆಂದು ನೋಡಿ ತೀರ್ಮಾನಿಸಬಹುದು. ಅಪ್ಪನ ಫೋನಿನಲ್ಲಿ ಆಡುವ ಮಕ್ಕಳಿದ್ದರೆ ಪ್ಲೇ ಸ್ಟೋರಿನಲ್ಲಿ ಪ್ರತಿ ಖರೀದಿಗೂ ಪಾಸ್‌ವರ್ಡ್ ಕೇಳುವಂತೆ ಇಡಿ. ಬಿಜಿಎಂಐ 2023ರ ಮೇ ತಿಂಗಳಲ್ಲಿ 18 ವರ್ಷದೊಳಗಿನವರಿಗೆ ದಿನಕ್ಕೆ 3 ಗಂಟೆ, ಉಳಿದವರಿಗೆ 6 ಗಂಟೆಯ ಮಿತಿ ಹಾಕಿತು. ಅಣ್ಣನ ವಯಸ್ಸು ಹಾಕಿ ಖಾತೆ ತೆರೆದರೆ ಆ ಮೂರು ಗಂಟೆಯ ಬೇಲಿಯೂ ಇರುವುದಿಲ್ಲ.

ಹಬ್ಬದ ಹೆಸರಿನಲ್ಲಿ ಬರುವುದೆಲ್ಲ ಈವೆಂಟಲ್ಲ. “50 ಕಟ್ಟಿ 5,000 ಗೆಲ್ಲಿ” ಎಂಬ ಸಂದೇಶ ಬಂದರೆ ಅದು ಜೂಜು. 2025ರ ಆಗಸ್ಟ್ 22ರಂದು ರಾಷ್ಟ್ರಪತಿಗಳ ಅಂಕಿತ ಪಡೆದ ಆನ್‌ಲೈನ್ ಗೇಮಿಂಗ್ ಕಾಯ್ದೆ ಇ-ಸ್ಪೋರ್ಟ್ಸ್‌ಗೆ ಮಾನ್ಯತೆ ಕೊಟ್ಟು, ಹಣ ಪಣಕ್ಕಿಡುವ ಆಟಗಳನ್ನು ನಿಷೇಧಿಸಿದೆ. ‘ಪುಕ್ಕಟೆ ಡೈಮಂಡ್’ ಲಿಂಕುಗಳು ಖಾತೆ ಕದಿಯುವ ಬಲೆ. ಹಣ ಹೋದರೆ ತಡಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಬೇಕು.

ಎರಡು ಪಂಚಾಂಗ, ಒಂದೇ ಹಾಳೆ

ಕಂಪನಿಯ ಪಂಚಾಂಗ ನಮ್ಮ ಊರನ್ನು ಕೇಳಿ ಬರೆದದ್ದಲ್ಲ. ಕ್ರಿಸ್‌ಮಸ್, ಹೊಸ ವರ್ಷದ ದೊಡ್ಡ ಈವೆಂಟುಗಳು ಬರುವ ಡಿಸೆಂಬರ್, ಜನವರಿಯಲ್ಲೇ ಇಲ್ಲಿ ತೊಗರಿ ರಾಶಿ. ಅದೇ ಹೊತ್ತಿಗೆ ಗಾಣಗಾಪುರದಲ್ಲಿ ದತ್ತ ಜಯಂತಿ, ಹೊಲದಲ್ಲಿ ಎಳ್ಳ ಅಮಾವಾಸ್ಯೆಯ ಚರಗ. ಹೋಳಿಯ ಈವೆಂಟ್ ಬರುವಾಗ ಎಸ್ಸೆಸ್ಸೆಲ್ಸಿ, ಪಿಯು ಪರೀಕ್ಷೆ ಎದುರಿಗೆ. ಕಲಬುರಗಿಯ ಶರಣಬಸವೇಶ್ವರ ಜಾತ್ರೆಯೂ ಆಗಲೇ.

ಒಂದು ಹಾಳೆಯಲ್ಲಿ ಮೊದಲು ಊರಿನ ದಿನಗಳನ್ನು, ಆಮೇಲೆ ಈವೆಂಟಿನ ದಿನಗಳನ್ನು ಬರೆಯಿರಿ. ಎರಡೂ ಎಲ್ಲಿ ಡಿಕ್ಕಿ ಹೊಡೆಯುತ್ತವೆಯೋ ಅಲ್ಲಿ ರಜಾದಿನಗಳನ್ನು ಹಾಕಿ. ಗಾಳಿಮಳೆಯ ಎರಡು ಬಿಟ್ಟು ಉಳಿದ ಐದು ರಜೆಯಲ್ಲಿ ಮುಗಿಯದಿದ್ದರೆ ಆ ಈವೆಂಟ್ ನಿಮಗಲ್ಲ. ಬಿಟ್ಟರೆ ಹೋಗುವುದೂ ಕಡಿಮೆ: ‘ಮತ್ತೆಂದೂ ಸಿಗದು’ ಎಂದು ಮೆರೆದ ಎಷ್ಟೋ ವಸ್ತುಗಳು ಬಣ್ಣ ಬದಲಿಸಿ ಮುಂದಿನ ವರ್ಷ ಮರಳಿ ಬಂದಿವೆ.

ಬಿಡಬೇಕೆಂದರೂ ಬಿಡಲಾಗದು, ಓದು, ಊಟ, ನಿದ್ದೆ ಎಲ್ಲವನ್ನೂ ಆಟವೇ ನುಂಗುತ್ತಿದೆ ಎಂದಾದರೆ ವಿಷಯ ಬೇರೆ. ವಿಶ್ವ ಆರೋಗ್ಯ ಸಂಸ್ಥೆಯ ರೋಗಪಟ್ಟಿಯಲ್ಲಿ 2022ರಿಂದ ಗೇಮಿಂಗ್ ವ್ಯಾಧಿಗೂ ಜಾಗವಿದೆ. ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್‌ನ 14416ಕ್ಕೆ ಕರೆ ಮಾಡಿ ಕನ್ನಡದಲ್ಲೇ ಮಾತಾಡಬಹುದು.

ಉಳಿದವರಿಗೆ ಕೊನೆಯದೊಂದು ನಿಯಮ. ಗುರಿಯಿಟ್ಟ ಬಹುಮಾನ ಕೈಸೇರಿದ ದಿನವೇ ನಿಮ್ಮ ಪಾಲಿಗೆ ಈವೆಂಟ್ ಮುಗಿಯಿತು. ಪರದೆಯ ಗಡಿಯಾರದಲ್ಲಿ ಇನ್ನೂ ಆರು ದಿನ ಉಳಿದಿದ್ದರೆ, ಆ ಆರು ದಿನ ನೀವು ಗೆದ್ದ ಎರಡನೆಯ ಬಹುಮಾನ.